ಕಸುವು ಕಟ್ಟಿಡುವ ವಿದ್ಯೆ: ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ತಿಂಗಳ ಅಂಕಣಕ್ಕೆ ಬಂದ ಪತ್ರಗಳಲ್ಲಿ ಹೆಚ್ಚಿನವು ಶಿರಸಿಯ ಓದುಗರೊಬ್ಬರು ಬರೆಯುತ್ತಿರುವ ಅದ್ಭುತ ಕಾದಂಬರಿಯ ಸುತ್ತಲೇ ಇವೆ. ಅದರ ಆರಂಭದ ಭಾಗವನ್ನು ಹಿಂದಿನ ಸಂಚಿಕೆಯಲ್ಲಿ ಪ್ರಕಟಿಸಿದ್ದೆವು. ಆದ್ದರಿಂದ ಬೇರೆ ಪ್ರಶ್ನೆಗಳನ್ನು ಮುಂದಿನ ತಿಂಗಳಿಗೆ ಇಟ್ಟು, ಶಕ್ತಿಯನ್ನು ಕಟ್ಟಿಡುವ ಈ ಕಲ್ಪಿತ ವಿದ್ಯೆಗೆ ಸಂಬಂಧಿಸಿದವುಗಳನ್ನು ಮಾತ್ರ ಎತ್ತಿಕೊಂಡಿದ್ದೇನೆ.

ಪ್ರಶ್ನೆ: ನನ್ನ ಕಾದಂಬರಿಯಲ್ಲಿ ಮಳೆಗಾಲದ ಸಿಡಿಲಿನ ಶಕ್ತಿಯನ್ನು ಕೈನೂಲಿನ ದಾರದಲ್ಲಿ ಗಂಟು ಹಾಕಿ ಹಿಡಿಯುವ ಮನೆತನವೊಂದಿದೆ. ಆ ಶಕ್ತಿಗೆ ‘ಕಸುವು’ ಎಂದು ಹೆಸರಿಟ್ಟಿದ್ದೇನೆ. ಗಂಟಿಕ್ಕಿದ ದಾರವನ್ನು ಹಿತ್ತಾಳೆಯ ಗಿಂಡಿಯಲ್ಲಿಟ್ಟು ಬಾಯಿಗೆ ಅರಗಿನ ಮುದ್ರೆ ಹಾಕುತ್ತಾರೆ. ಗಂಟು ಬಿಚ್ಚಿದಾಗ ಕಸುವು ಹೊರಬರುತ್ತದೆ. ನಾಯಕನಿಗೆ ಅಜ್ಜಿಯಿಂದ ಇಂತಹ ಏಳು ಗಿಂಡಿಗಳು ಬಂದಿವೆ. ಹಸ್ತಪ್ರತಿ ಓದಿದ ಗೆಳೆಯರು, ‘ಇಷ್ಟೆಲ್ಲ ಇರುವಾಗ ಅವನು ಸೋಲುವುದೇ ಇಲ್ಲವಲ್ಲ, ಮತ್ತೇಕೆ ಓದಬೇಕು’ ಎನ್ನುತ್ತಿದ್ದಾರೆ. ಗಿಂಡಿಗಳ ಸಂಖ್ಯೆಯನ್ನು ಕಡಿಮೆ ಮಾಡಲೇ?
– ಓದುಗರೊಬ್ಬರು, ಶಿರಸಿ

ಉತ್ತರ: ಸಂಖ್ಯೆ ಕಡಿಮೆ ಮಾಡುವುದರಿಂದ ಪ್ರಯೋಜನವಿಲ್ಲ. ಏಳರ ಬದಲು ಮೂರು ಗಿಂಡಿ ಇಟ್ಟರೂ ಗೆಳೆಯರ ಆಕ್ಷೇಪ ಹಾಗೆಯೇ ಉಳಿಯುತ್ತದೆ. ಸಿಡಿಲನ್ನು ಹಿಡಿಯುವ ಬಗೆಯನ್ನು ನೀವು ಪುಟಗಟ್ಟಲೆ, ಬಹಳ ಚೆನ್ನಾಗಿ ಬರೆದಿದ್ದೀರಿ. ಆದರೆ ಹಿಡಿದ ಮೇಲೆ ಅದು ಗಿಂಡಿಯೊಳಗೆ ಏನು ಮಾಡುತ್ತಾ ಕುಳಿತಿರುತ್ತದೆ ಎಂಬುದಕ್ಕೆ ಒಂದು ಸಾಲೂ ಇಲ್ಲ. ಯಾರು ಬೇಕಾದರೂ, ಯಾವಾಗ ಬೇಕಾದರೂ ಮುದ್ರೆ ಒಡೆದರೆ ಇಟ್ಟದ್ದು ಇಟ್ಟಷ್ಟೇ ಸಿಗುತ್ತದೆ. ಕೂಡಿಟ್ಟ ಯಾವ ವಸ್ತುವೂ, ಯಾರ ಮನೆಯಲ್ಲಿಯೂ, ಹೀಗೆ ನಡೆದುಕೊಳ್ಳುವುದಿಲ್ಲ. ಗೆಳೆಯರು ಸಂಖ್ಯೆಯ ಮೇಲೆ ದೂರು ಹೇಳುತ್ತಿದ್ದರೂ ಅವರಿಗೆ ಚುಚ್ಚುತ್ತಿರುವುದು ಇದೇ ಎಂದು ನನ್ನ ಊಹೆ.

ಬಯಲುಸೀಮೆಯ ಹಗೇವನ್ನು ನೆನೆಯಿರಿ. ನೆಲದಲ್ಲಿ ಆಳವಾಗಿ ತೋಡಿದ, ಬಾಯಿ ಕಿರಿದು ಹೊಟ್ಟೆ ಅಗಲವಾದ ಆ ಕಣಜದಲ್ಲಿ ರಾಗಿ ವರ್ಷಗಟ್ಟಲೆ ಕೆಡದೆ ಉಳಿಯುತ್ತಿತ್ತು. ಉಳಿಯುವುದಕ್ಕೆ ಕಾರಣವಾದದ್ದೇ ಅದರ ಅಪಾಯವೂ ಆಗಿತ್ತು. ಮುಚ್ಚಿದ ಹಗೇವಿನೊಳಗೆ ಕಾಳು ಉಸಿರಾಡುತ್ತದೆ, ಆಮ್ಲಜನಕ ತೀರುತ್ತದೆ, ಇಂಗಾಲದ ಡೈಆಕ್ಸೈಡ್ ತುಂಬಿಕೊಳ್ಳುತ್ತದೆ. ಅಲ್ಲಿ ಹುಳು ಬದುಕುವುದಿಲ್ಲ, ಬಾಯಿ ತೆರೆದ ಕೂಡಲೇ ಅವಸರಪಟ್ಟು ಇಳಿದ ಮನುಷ್ಯನೂ ಬದುಕುವುದಿಲ್ಲ. ಹಾಗಾಗಿ ತಿಳಿದವರು ಮೊದಲು ಬಾಯಿ ತೆರೆದು ಗಾಳಿಯಾಡಲು ಬಿಟ್ಟು, ಆಮೇಲೆ ದೀಪವನ್ನು ಒಳಗೆ ಇಳಿಬಿಟ್ಟು, ಅದು ಆರದೆ ಉರಿದರೆ ಮಾತ್ರ ಇಳಿಯುತ್ತಿದ್ದರು. ಈಗ ನಿಮ್ಮ ಗಿಂಡಿಗೆ ಬನ್ನಿ. ಹನ್ನೆರಡು ವರ್ಷ ಮುದ್ರೆಯೊಳಗಿದ್ದ ಕಸುವು ಸುತ್ತಲಿನ ಏನನ್ನು ತೀರಿಸಿಕೊಂಡಿರಬಹುದು? ಅದನ್ನು ತೆರೆದವನು ಎಷ್ಟು ಹೊತ್ತು ದೂರ ನಿಲ್ಲಬೇಕು? ಅಷ್ಟು ಹೊತ್ತು ಬಾಗಿಲಾಚೆಯ ಶತ್ರು ಕಾಯುತ್ತಾನೆಯೇ? ಒಂದು ಅಧ್ಯಾಯಕ್ಕೆ ಬೇಕಾದಷ್ಟು ಸಾಮಗ್ರಿ ಈ ಮೂರು ಪ್ರಶ್ನೆಗಳಲ್ಲಿಯೇ ಇದೆ.

ಕರಾವಳಿಯ ಅಕ್ಕಿಮುಡಿಯಲ್ಲಿ ಇನ್ನೊಂದು ಪಾಠವಿದೆ. ಬೈಹುಲ್ಲು ಮತ್ತು ಹುಲ್ಲಿನ ಹಗ್ಗ ಬಿಟ್ಟರೆ ಅದಕ್ಕೆ ಬೇರೆ ಸಾಮಗ್ರಿಯೇ ಬೇಡ, ಎಲ್ಲವೂ ಕಟ್ಟುವ ಕೈಯಲ್ಲಿರುತ್ತದೆ. ಬಿಗಿಯಾಗಿ ಬಡಿದು ಕಟ್ಟಿದ ಮುಡಿಯೊಳಗಿನ ಅಕ್ಕಿ ಮಳೆಗಾಲದ ತೇವವನ್ನು ದಾಟಿ ಬರುತ್ತದೆ; ಸಡಿಲ ಕಟ್ಟಿದ್ದಕ್ಕೆ ಹುಳು ಹಿಡಿಯುತ್ತದೆ. ಹೊರಗಿನಿಂದ ನೋಡುವ ಅನನುಭವಿಗೆ ಎರಡೂ ಒಂದೇ ರೀತಿ ದುಂಡಗೆ ಕಾಣುತ್ತವೆ. ನಿಮ್ಮ ಏಳು ಗಿಂಡಿಗಳಲ್ಲಿ ಕೆಲವನ್ನು ಅಜ್ಜಿ ಕಟ್ಟಿದ್ದಾಳೆ, ಕೆಲವನ್ನು ಕೆಲಸಗಳ್ಳನಾದ ಚಿಕ್ಕಪ್ಪ ಕಟ್ಟಿದ್ದಾನೆ, ಅರಗಿನ ಮುದ್ರೆ ಮಾತ್ರ ಎಲ್ಲಕ್ಕೂ ಒಂದೇ ಎಂದುಕೊಳ್ಳೋಣ. ತೆರೆಯುವವರೆಗೆ ನಾಯಕನಿಗೆ ಯಾವುದು ಯಾವುದೆಂದು ತಿಳಿಯುವುದಿಲ್ಲ. ಆಗ ಏಳು ಎಂಬ ಸಂಖ್ಯೆ ಓದುಗನಿಗೆ ಭರವಸೆಯಾಗಿ ಉಳಿಯುವುದಿಲ್ಲ.

ಮೂರನೆಯದು ಮುಡಿಪು. ದೇವರಿಗೆಂದು ಹರಕೆ ಹೊತ್ತು, ಅರಿಶಿನದ ಬಟ್ಟೆಯಲ್ಲಿ ಕಟ್ಟಿಟ್ಟ ಕಾಸನ್ನು ಮನೆಯಲ್ಲಿ ಒಲೆ ಹಚ್ಚಲು ಗತಿಯಿಲ್ಲದ ದಿನವೂ ಯಾರೂ ಮುಟ್ಟುತ್ತಿರಲಿಲ್ಲ. ಕಾಸು ಮನೆಯಲ್ಲೇ ಇದೆ, ಆದರೆ ಮನೆಯವರದಲ್ಲ. ಏಳರಲ್ಲಿ ಎರಡು ಗಿಂಡಿಗಳನ್ನು ಅಜ್ಜಿ ಊರಿನ ಕೆರೆಗೆಂದು ಮುಡಿಪು ಕಟ್ಟಿದ್ದಳು ಎಂದು ಒಂದೇ ಒಂದು ವಾಕ್ಯ ಸೇರಿಸಿ ನೋಡಿ. ಆ ಎರಡು ನಾಯಕನ ಕೈಯಳತೆಯಲ್ಲಿರುತ್ತವೆ, ಅವನಿಗೆ ಅವುಗಳ ಅಗತ್ಯವೂ ಇರುತ್ತದೆ. ಮುದ್ರೆ ಒಡೆಯುವುದೆಂದರೆ ಸತ್ತ ಅಜ್ಜಿಯ ಮಾತನ್ನು ಒಡೆಯುವುದು.

ಕೂಡಿಟ್ಟ ಶಕ್ತಿಯ ಬಗ್ಗೆ ನಮಗೆ ಗೊತ್ತಿರುವ ಅತ್ಯಂತ ಬಿಗಿಯಾದ ಕಥೆಯಲ್ಲಿ ಸಂಖ್ಯೆ ಕೇವಲ ಒಂದು. ಕವಚ ಕುಂಡಲಗಳನ್ನು ಕೊಟ್ಟು ಇಂದ್ರನಿಂದ ಕರ್ಣ ಪಡೆದ ಶಕ್ತ್ಯಾಯುಧ ಒಂದೇ ಸಲ ಬಳಸತಕ್ಕದ್ದು. ಅವನು ಅದನ್ನು ಅರ್ಜುನನಿಗೆಂದು ಎತ್ತಿಟ್ಟಿದ್ದ. ಅದು ಬತ್ತಳಿಕೆಯಲ್ಲಿರುವವರೆಗೂ ಕೃಷ್ಣ ಅರ್ಜುನನನ್ನು ಅವನೆದುರು ತಾರದೆ ಜೋಪಾನ ಮಾಡಿದ. ಹದಿನಾಲ್ಕನೆಯ ದಿನದ ರಾತ್ರಿ ಘಟೋತ್ಕಚನ ಹಾವಳಿ ತಡೆಯಲಾಗದೆ ಕೌರವರು ಕೂಗಿಕೊಂಡಾಗ ಕರ್ಣ ಅದನ್ನು ಎಸೆದ. ಮಗ ಸತ್ತನೆಂದು ಪಾಂಡವರು ಅಳುತ್ತಿದ್ದರೆ ಕೃಷ್ಣ ಕುಣಿದಾಡಿದನೆಂದು ದ್ರೋಣಪರ್ವ ಹೇಳುತ್ತದೆ. ಆಯುಧದ ಬಲ ಎಷ್ಟೆಂದು ಅಲ್ಲಿ ಯಾರೂ ಅಳೆಯಲು ಹೋಗುವುದಿಲ್ಲ. ಯಾರಿಗೆಂದು ಇಟ್ಟದ್ದು ಯಾರ ಮೇಲೆ ಖರ್ಚಾಯಿತು ಎಂಬುದರ ಮೇಲೆ ಇಡೀ ಪ್ರಸಂಗ ನಿಂತಿದೆ.

ಪ್ರಶ್ನೆ: ನಾನು ಎಂಜಿನಿಯರಿಂಗ್ ವಿದ್ಯಾರ್ಥಿ. ಒಂದು ಗಂಟಿನಲ್ಲಿ ಎಷ್ಟು ಶಕ್ತಿ ಇರುತ್ತದೆ ಎಂಬ ಲೆಕ್ಕ ಈ ಕಾದಂಬರಿಯಲ್ಲಿ ಇಲ್ಲದಿರುವುದು ನನಗೆ ಕೊರತೆಯೆನಿಸಿತು. ಮಂತ್ರವಿದ್ಯೆಯಾದರೂ ಶಕ್ತಿಸಂರಕ್ಷಣೆಯ ನಿಯಮವನ್ನು ಪಾಲಿಸಬೇಕಲ್ಲವೇ?
– ಓದುಗರೊಬ್ಬರು, ದಾವಣಗೆರೆ

ಉತ್ತರ: ಪಾಲಿಸಲೇಬೇಕೆಂದು ನಾನು ಹೇಳುವುದಿಲ್ಲ, ಪಾಲಿಸಿದರೆ ಕಥೆಗೆ ಲಾಭವಿದೆ ಎನ್ನುತ್ತೇನೆ. ನೀವು ಕೇಳಿದ ಲೆಕ್ಕವನ್ನೇ ಮಾಡಿ ನೋಡೋಣ. ಒಂದು ಸಿಡಿಲಿನಲ್ಲಿರುವ ಶಕ್ತಿ ಸುಮಾರು 100 ಕೋಟಿ ಜೂಲ್ ಎಂದು ಸ್ಥೂಲವಾಗಿ ಹೇಳುವುದುಂಟು. ವಿದ್ಯುತ್ ಬಿಲ್ಲಿನ ಭಾಷೆಯಲ್ಲಿ ಅದು ಹೆಚ್ಚುಕಡಿಮೆ 280 ಯೂನಿಟ್. ಆಕಾಶವನ್ನೇ ಸೀಳುವಂತೆ ಕಾಣುವ ಸಿಡಿಲು ಲೆಕ್ಕಕ್ಕೆ ಸಿಕ್ಕಾಗ ಗೃಹಜ್ಯೋತಿ ಯೋಜನೆಯ ತಿಂಗಳ 200 ಯೂನಿಟ್ ಮಿತಿಯನ್ನು ಸ್ವಲ್ಪ ದಾಟುತ್ತದೆ, ಅಷ್ಟೇ.

ಮೈಮುರಿದು ದುಡಿಯುವ ಆಳು 75 ವಾಟ್‌ನಂತೆ ಎಂಟು ಗಂಟೆ ಕೆಲಸ ಮಾಡಿದರೆ 0.6 ಯೂನಿಟ್ ಆಗುತ್ತದೆ. ಅಂದರೆ ಒಂದು ಸಿಡಿಲು ಸುಮಾರು 460 ಆಳುಗಳ ಒಂದು ದಿನದ ದುಡಿಮೆ. ‘ಈ ಗದ್ದೆ ನಾಟಿಗೆ ಹತ್ತಾಳು ಬೇಕು’ ಎಂದು ನಾವು ಇಂದಿಗೂ ಎಣಿಸುವ ರೀತಿಯಲ್ಲಿ ಕಾದಂಬರಿಯ ಮನೆತನವೂ ಕಸುವನ್ನು ಆಳಿನ ಲೆಕ್ಕದಲ್ಲಿ ಅಳೆಯಬಹುದು. ಜೂಲ್, ವಾಟ್ ಎಂಬ ಪದಗಳು ಆ ಲೋಕಕ್ಕೆ ಹೊಂದುವುದಿಲ್ಲ. ‘ಇದು ನಾನ್ನೂರಾಳಿನ ಗಂಟು’ ಎಂಬ ಮಾತು ಹೊಂದುತ್ತದೆ. ಪಾವು, ಸೇರು, ಕೊಳಗ, ಖಂಡುಗಗಳನ್ನೂ ಎರವಲು ಪಡೆಯಬಹುದು. ನಾಲ್ಕು ಪಾವಿಗೆ ಒಂದು ಸೇರು, 20 ಕೊಳಗಕ್ಕೆ ಒಂದು ಖಂಡುಗ ಎಂಬುದು ಬಳಕೆಯಲ್ಲಿದ್ದ ಕ್ರಮವಾದರೂ ಒಂದು ಊರಿನ ಸೇರು ಇನ್ನೊಂದು ಊರಿನದಕ್ಕೆ ಸಮನಾಗಿರುತ್ತಿರಲಿಲ್ಲ. ಅಳತೆಯ ಜಗಳ ಬೇಕಿದ್ದರೆ ಕಾದಂಬರಿಕಾರರಿಗೆ ಅಲ್ಲಿಯೇ ಸಿಗುತ್ತದೆ.

ಆದರೆ ಮೊತ್ತಕ್ಕಿಂತ ಬಿಡುಗಡೆಯ ವೇಗ ಮುಖ್ಯ. ಒಂದು ಕಿಲೋ ಟಿಎನ್‌ಟಿ ಸ್ಫೋಟಕದಲ್ಲಿ ಸುಮಾರು 4.2 ಮೆಗಾಜೂಲ್ ಶಕ್ತಿಯಿದ್ದರೆ ಒಂದು ಕಿಲೋ ಬೆಲ್ಲವನ್ನು ತಿಂದು ಅರಗಿಸಿಕೊಂಡಾಗ ದೇಹಕ್ಕೆ ಸಿಗುವುದು ಸುಮಾರು 16 ಮೆಗಾಜೂಲ್. ಮೊತ್ತದಲ್ಲಿ ಬೆಲ್ಲದ್ದೇ ಮೇಲುಗೈ. ಬೆಲ್ಲದ ಅಚ್ಚನ್ನು ಕಂಡು ಯಾರೂ ಓಡುವುದಿಲ್ಲ, ಏಕೆಂದರೆ ಅದು ತನ್ನ ಶಕ್ತಿಯನ್ನು ದಿನಗಟ್ಟಲೆ ನಿಧಾನವಾಗಿ ಬಿಟ್ಟುಕೊಡುತ್ತದೆ. ಸ್ಫೋಟಕ ಕಣ್ಣೆವೆ ಇಕ್ಕುವ ಮೊದಲೇ ಕೊಟ್ಟು ಮುಗಿಸುತ್ತದೆ. ವಿದ್ಯುತ್ತಿನ ಚರಿತ್ರೆಯಲ್ಲಿಯೂ ಈ ಎರಡು ಬಗೆಗಳಿವೆ. 1745ರಲ್ಲಿ ಪೊಮೆರೇನಿಯಾದ ಕ್ಲೈಸ್ಟ್, ಅದರ ಬೆನ್ನಿಗೇ ಹಾಲೆಂಡಿನ ಲೈಡನ್ ನಗರದ ಮುಶೆನ್‌ಬ್ರೂಕ್ ಪ್ರತ್ಯೇಕವಾಗಿ ಕಂಡುಕೊಂಡ ಗಾಜಿನ ಜಾಡಿ, ತುಂಬಿದ ವಿದ್ಯುತ್ತನ್ನೆಲ್ಲ ಒಂದೇ ಏಟಿಗೆ ಹೊರಹಾಕುತ್ತಿತ್ತು. ಫ್ರಾನ್ಸಿನ ನೊಲೆ ಎಂಬಾತ 1746ರಲ್ಲಿ 180 ಮಂದಿ ಕಾವಲುಭಟರನ್ನು ಕೈ ಕೈ ಹಿಡಿಸಿ ನಿಲ್ಲಿಸಿ, ಇಂತಹ ಜಾಡಿಯ ಏಟನ್ನು ಅವರ ಮೂಲಕ ಹಾಯಿಸಿ, ಅಷ್ಟೂ ಜನ ಒಟ್ಟಿಗೆ ನೆಗೆಯುವುದನ್ನು ರಾಜನಿಗೆ ತೋರಿಸಿದ್ದ. 1800ರಲ್ಲಿ ವೋಲ್ಟಾ ತಿಳಿಸಿದ ಲೋಹದ ಬಿಲ್ಲೆಗಳ ಕಂಬದಲ್ಲಿ ಆ ರಭಸವಿರಲಿಲ್ಲ. ಅದು ಸತತವಾಗಿ ಹರಿಯುತ್ತಿತ್ತು, ಆದ್ದರಿಂದಲೇ ಕೆಲಸಕ್ಕೆ ಬಂತು. ನಮ್ಮ ಕಥೆಗಳಲ್ಲಿ ಈ ಭೇದ ಬಹಳ ಹಿಂದೆಯೇ ಇದೆ. ಬ್ರಹ್ಮಶಿರೋಸ್ತ್ರ ಮೊದಲ ಬಗೆಯದು, ಬಿಡಲು ಬಂದರೂ ಹಿಂತೆಗೆಯಲು ಅಶ್ವತ್ಥಾಮನಿಗೆ ಬಾರದು. ಸೂರ್ಯ ಕೊಟ್ಟ ಅಕ್ಷಯಪಾತ್ರೆ ಎರಡನೆಯ ಬಗೆಯದು. ದಿನಕ್ಕೊಮ್ಮೆ, ದ್ರೌಪದಿಯ ಊಟ ಮುಗಿಯುವವರೆಗೆ ಮಾತ್ರ. ಆಕೆಯ ಊಟ ಮುಗಿದ ಮೇಲೆ ಬಂದ ದೂರ್ವಾಸರಿಂದಲೇ ಅಲ್ಲಿ ಕಥೆ ಹುಟ್ಟುತ್ತದೆ.

ಇನ್ನು ನಿಯಮದ ಮಾತು. ಕೂಡಿಟ್ಟದ್ದರಲ್ಲಿ ಒಂದಷ್ಟು ನಷ್ಟವಾಗಲೇಬೇಕು. ನೀರನ್ನು ಮೇಲಿನ ಜಲಾಶಯಕ್ಕೆ ಪಂಪ್ ಮಾಡಿಟ್ಟು ಬೇಕಾದಾಗ ಇಳಿಸುವ ಸ್ಥಾವರಗಳಲ್ಲಿ 100 ಯೂನಿಟ್ ಹಾಕಿದರೆ 70ರಿಂದ 80 ಯೂನಿಟ್ ಮರಳಿ ಬರುತ್ತದೆ. ಗಂಟಿನಲ್ಲಿಯೂ ಹೀಗೆಯೇ ನಷ್ಟವಾಗುವುದಾದರೆ ಆ ನಷ್ಟ ಎಲ್ಲಿ ಹೋಗುತ್ತದೆ ಎಂಬುದನ್ನು ಲೇಖಕರು ಹೇಳಬೇಕು. ಕಟ್ಟುವವಳ ಬೆರಳು ಸುಡುತ್ತದೆಯೇ, ಹಿತ್ತಿಲಿನ ಬಾವಿ ಬತ್ತುತ್ತದೆಯೇ? ಅದಕ್ಕಿಂತ ದೊಡ್ಡದಾದ, ಯಾವ ಸೂತ್ರಕ್ಕೂ ಸಿಗದ ಇನ್ನೊಂದು ಬೆಲೆಯಿದೆ. ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿದು ಶರಾವತಿಯ ನೀರು ಹಿಂದಕ್ಕೆ ನಿಂತಾಗ ದೀಪಗಳು ಹೊತ್ತಿದ್ದು ಬೇರೆ ಊರುಗಳಲ್ಲಿ, ಮನೆ ಗದ್ದೆ ಬಿಟ್ಟು ಎದ್ದವರು ಕಣಿವೆಯ ಜನ. ಮಲೆನಾಡಿನಲ್ಲಿ ‘ಮುಳುಗಡೆ’ ಎಂದರೆ ಸಾಕು, ಹೆಚ್ಚಿನ ವಿವರಣೆ ಯಾರಿಗೂ ಬೇಡ. ನೀರು ನಿಲ್ಲದ ಕೆರೆಗೆ ಮನೆಯ ಕಿರಿಸೊಸೆ ಭಾಗೀರಥಿಯನ್ನು ಆಹುತಿ ಕೊಟ್ಟ ‘ಕೆರೆಗೆ ಹಾರ’ದ ಹಾಡು ಹೇಳುವುದೂ ಇದನ್ನೇ. ಶಿರಸಿಯ ಲೇಖಕರು ಆ ಸೀಮೆಯ ಹತ್ತಿರದವರೇ ಆಗಿದ್ದೂ ಅವರ ಸಿಡಿಲು ಯಾರ ಮನೆಯನ್ನೂ ಮುಳುಗಿಸದೆ ಗಿಂಡಿ ಸೇರುತ್ತಿರುವುದು ನನಗೆ ಆಶ್ಚರ್ಯ ತಂದಿತು.

ಪ್ರಶ್ನೆ: ಗಂಟಿನಲ್ಲಿ ಶಕ್ತಿಯನ್ನು ಕಟ್ಟುವ ಕಲ್ಪನೆ ಹೊಚ್ಚ ಹೊಸದೆಂದು ಮೆಚ್ಚಿಕೊಂಡಿದ್ದೆ. ಇದು ವಿದೇಶಿ ಕಥೆಗಳಲ್ಲಿ ಮೊದಲೇ ಇದೆ ಎಂದು ಸ್ನೇಹಿತರೊಬ್ಬರು ಹೇಳಿದರು. ನಿಜವೇ?
– ಓದುಗರೊಬ್ಬರು, ಕಲಬುರಗಿ

ಉತ್ತರ: ನಿಜ, ಆದರೆ ಅದರಿಂದ ಮೆಚ್ಚುಗೆ ಕಡಿಮೆಯಾಗಬೇಕಾಗಿಲ್ಲ. ಉತ್ತರ ಯೂರೋಪಿನ ಕಡಲತೀರಗಳಲ್ಲಿ ಮಾಟಗಾರರು ಗಾಳಿಯನ್ನು ಹಗ್ಗದ ಮೂರು ಗಂಟುಗಳಲ್ಲಿ ಕಟ್ಟಿ ನಾವಿಕರಿಗೆ ಮಾರುತ್ತಾರೆಂಬ ನಂಬಿಕೆಯಿತ್ತು. ಸ್ವೀಡನ್ನಿನ ಓಲಾಸ್ ಮ್ಯಾಗ್ನಸ್ 1555ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಇದನ್ನು ದಾಖಲಿಸಿದ್ದಾನೆ. ಮೊದಲ ಗಂಟು ಬಿಚ್ಚಿದರೆ ತಂಗಾಳಿ, ಎರಡನೆಯದಕ್ಕೆ ಬಿರುಗಾಳಿ, ಮೂರನೆಯದಕ್ಕೆ ಹಡಗು ಮುಳುಗಿಸುವ ಚಂಡಮಾರುತ. ಮೂರನೆಯ ಗಂಟನ್ನು ಮಾರುವುದಾದರೂ ಏಕೆ ಎಂದು ನೀವು ಕೇಳಬಹುದು. ಅದೊಂದು ಇಲ್ಲದಿದ್ದರೆ ಈ ಕಥೆಯನ್ನು ಯಾರೂ ಹೇಳುತ್ತಲೇ ಇರಲಿಲ್ಲ ಎಂಬುದು ನನ್ನ ಉತ್ತರ. ಗ್ರೀಕರ ಒಡಿಸ್ಸಿಯಲ್ಲಿ ಗಾಳಿಗಳನ್ನು ತೊಗಲಿನ ಚೀಲದಲ್ಲಿ ಕಟ್ಟಿಕೊಡುತ್ತಾರೆ. ಊರಿನ ದಡ ಕಣ್ಣಿಗೆ ಬಿದ್ದ ಹೊತ್ತಿನಲ್ಲಿ ನಾಯಕ ನಿದ್ದೆಹೋಗುತ್ತಾನೆ, ಚೀಲದಲ್ಲಿ ಚಿನ್ನವಿದೆಯೆಂದು ಬಗೆದ ಸಂಗಾತಿಗಳು ಅದನ್ನು ಬಿಚ್ಚುತ್ತಾರೆ, ಹಡಗು ಹೊರಟಲ್ಲಿಗೇ ಮರಳುತ್ತದೆ. ಅರಬ್ಬೀ ಕಥೆಗಳಲ್ಲಿ ಬೆಸ್ತನಿಗೆ ಸಿಗುವ ಜಿನ್ನಿಯ ಗಡಿಗೆಗೆ ಸೀಸದ ಮುದ್ರೆಯಿರುತ್ತದೆ. ಕಟ್ಟಿದವರು ಬೇರೆ, ಬಿಚ್ಚುವವರು ಬೇರೆ ಎಂಬುದೇ ಇವುಗಳೆಲ್ಲದರ ಗುಟ್ಟು. ನಮ್ಮ ಕಾದಂಬರಿಕಾರರು ಸದ್ಯಕ್ಕೆ ಅದನ್ನು ಬಳಸಿಕೊಂಡಿಲ್ಲ.

ಪ್ರಶ್ನೆ: ವಿಡಿಯೋ ಗೇಮ್‌ಗಳಲ್ಲಿ ಇಂತಹ ಶಕ್ತಿಗೆ ‘ಮಾನಾ’ ಎನ್ನುತ್ತಾರೆ. ಎಲ್ಲರಿಗೂ ಗೊತ್ತಿರುವ ಆ ಪದವನ್ನೇ ಬಳಸಿದರೆ ಯುವ ಓದುಗರಿಗೆ ಅನುಕೂಲವಲ್ಲವೇ?
– ಓದುಗರೊಬ್ಬರು, ಬಂಟ್ವಾಳ

ಉತ್ತರ: ‘ನನ್ನ ಮಾನಾ ಪೂರ್ತಿ ಹೋಯಿತು, ಎರಡು ಗಂಟೆ ವಿಶ್ರಾಂತಿ ಪಡೆದರೆ ಮತ್ತೆ ತುಂಬಿಕೊಳ್ಳುತ್ತದೆ’ ಎಂದು ನಾಯಕ ಗಂಭೀರವಾಗಿ ನುಡಿಯುವುದನ್ನು ಒಮ್ಮೆ ಗಟ್ಟಿಯಾಗಿ ಓದಿ ನೋಡಿ. ಕನ್ನಡದಲ್ಲಿ ಮಾನ ಹೋದರೆ ಅಷ್ಟು ಸುಲಭವಾಗಿ ಮರಳುವುದಿಲ್ಲ.

ಹಾಸ್ಯ ಬಿಟ್ಟು ಹೇಳುವುದಾದರೆ ಅದು ಪೆಸಿಫಿಕ್ ದ್ವೀಪವಾಸಿಗಳ ಪದ. ವ್ಯಕ್ತಿಯಲ್ಲಿಯೋ ವಸ್ತುವಿನಲ್ಲಿಯೋ ನೆಲೆಸುವ ಪ್ರಭಾವ, ಅಧಿಕಾರ ಎಂಬಂತಹ ಅರ್ಥಗಳು ಅದಕ್ಕಿವೆ. ರಾಬರ್ಟ್ ಕಾಡ್ರಿಂಗ್ಟನ್ ಎಂಬ ಪಾದ್ರಿ 1891ರಲ್ಲಿ ಮೆಲನೇಷ್ಯದ ಜನರ ಬಗ್ಗೆ ಬರೆದ ಪುಸ್ತಕದಿಂದ ಅದು ಪಶ್ಚಿಮದ ವಿದ್ವಾಂಸರಲ್ಲಿ ಹೆಸರಾಯಿತು. ಅಮೆರಿಕದ ಲ್ಯಾರಿ ನಿವೆನ್ 1969ರ ಕಥೆಯೊಂದರಲ್ಲಿ ಅದನ್ನು ಗಣಿಯ ಅದಿರಿನಂತೆ ಬಳಸಿದಷ್ಟೂ ತೀರಿಹೋಗುವ ಸಂಪತ್ತಾಗಿ ಕಲ್ಪಿಸಿದ. ಗೇಮ್‌ಗಳಲ್ಲಿ ಅದು ತುಂಬಿ ಖಾಲಿಯಾಗುವ ನೀಲಿ ಪಟ್ಟಿಯಾಯಿತು. ದ್ವೀಪದ ಜನರ ಅರ್ಥ ದಾರಿಯಲ್ಲೇ ಉದುರಿಹೋಗಿರುವಾಗ ಉಳಿದ ಸಿಪ್ಪೆಯನ್ನು ನಾವೇಕೆ ತರಬೇಕು?

‘ಕಸುವು’ ಒಳ್ಳೆಯ ಪದ. ದನಕ್ಕೂ ಮಣ್ಣಿಗೂ ಮನುಷ್ಯನಿಗೂ ಅದನ್ನು ಹೇಳುತ್ತೇವೆ. ಹಿಡಿದಿಡುವ ಕ್ರಿಯೆಗೆ ‘ಕಟ್ಟು’ ಇದೆ: ಕೆರೆ ಕಟ್ಟುತ್ತೇವೆ, ಬುತ್ತಿ ಕಟ್ಟುತ್ತೇವೆ, ಕಂಕಣ ಕಟ್ಟುತ್ತೇವೆ, ಹಾಡು ಕಟ್ಟುತ್ತೇವೆ, ಕಟ್ಟಳೆ, ಕಟ್ಟುಪಾಡು ಅದರ ಮಕ್ಕಳು. ಬಿಡುಗಡೆಯ ಪದಗಳಿಗೆ ಕೆರೆಯ ಕಡೆಗೇ ನೋಡಬೇಕು. ನೀರನ್ನು ಅಳತೆಯಲ್ಲಿ ಬಿಡುವುದು ತೂಬು, ಹೆಚ್ಚಾದದ್ದು ತಾನಾಗಿ ಹರಿದುಹೋಗುವುದು ಕೋಡಿ, ವರ್ಷವರ್ಷ ತಳದಲ್ಲಿ ಕೂತು ಜಾಗ ನುಂಗುವುದು ಹೂಳು. ತೂಬು ತೆಗೆದು ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಎಂದು ನೋಡಿಕೊಳ್ಳುವವನು ನೀರುಗಂಟಿ. ಅವನು ಕೆರೆಯ ಒಡೆಯನಲ್ಲ, ಸುಗ್ಗಿಯಲ್ಲಿ ಕಾಳು ಪಡೆಯುವ ಊರಿನ ಕೆಲಸಗಾರ. ಆದರೂ ಬರಗಾಲದಲ್ಲಿ ಊರಿನ ಗೌಡನೂ ಅವನ ಮುಖ ನೋಡಬೇಕು. ‘ಕಸುವುಗಂಟಿ’ ಎಂಬ ಪಾತ್ರವೊಂದನ್ನು ಕಾದಂಬರಿಗೆ ಧಾರಾಳವಾಗಿ ತಂದುಕೊಳ್ಳಬಹುದು. ಈ ಪದಕ್ಕೆ ನಾನು ಗೌರವಧನ ಕೇಳುವುದಿಲ್ಲ.

ಪ್ರಶ್ನೆ: ಇಂತಹ ಕಥೆಗಳು ತಾಯಿತ, ಯಂತ್ರ, ಮಾಟಗಳ ಮೇಲಿನ ನಂಬಿಕೆಯನ್ನು ಬೆಳೆಸುವುದಿಲ್ಲವೇ?
– ಓದುಗರೊಬ್ಬರು, ತುಮಕೂರು

ಉತ್ತರ: ತಾಯಿತ ಮಾರುವವನು ತನ್ನ ಸರಕಿಗೆ ಮಿತಿಯಿದೆ ಎಂದು ಎಂದೂ ಹೇಳುವುದಿಲ್ಲ, ಒಳ್ಳೆಯ ಅದ್ಭುತ ಕಥೆ ಮಿತಿಯನ್ನು ಮೊದಲ ಅಧ್ಯಾಯದಲ್ಲೇ ಹೇಳಿಬಿಡುತ್ತದೆ. ಅಮಾನವೀಯ ದುಷ್ಟ ಪದ್ಧತಿಗಳು ಮತ್ತು ವಾಮಾಚಾರದ ವಿರುದ್ಧ ಕರ್ನಾಟಕ ಶಾಸಕಾಂಗ 2017ರಲ್ಲಿ ಅಂಗೀಕರಿಸಿದ ಕಾಯ್ದೆಯ ಗುರಿಯೂ ಜನರನ್ನು ಹಿಂಸಿಸುವ, ವಂಚಿಸುವ ಆಚರಣೆಗಳೇ ಹೊರತು ಕಲ್ಪನೆಯಲ್ಲ. ಆದರೂ ನಿಮ್ಮ ಆತಂಕದಲ್ಲಿ ಹುರುಳಿಲ್ಲವೆಂದು ನಾನು ಹೇಳಲಾರೆ. ಜನ ನಿಜವಾಗಿ ಜಪಿಸುವ ಮಂತ್ರವನ್ನೋ ತಾಮ್ರದ ತಗಡಿನಲ್ಲಿ ಬರೆದು ಪೂಜಿಸುವ ಯಂತ್ರವನ್ನೋ ಕಥೆಯೊಳಗೆ ಹಾಗೆಯೇ ಎತ್ತಿಕೊಳ್ಳುವುದು ಸರಿಯಲ್ಲ. ನಂಬುವವರಿಗೆ ಅದು ನೋವು, ನಂಬದವರಿಗೆ ಗೊಂದಲ. ಗಂಟು, ಗಿಂಡಿ, ಅರಗು ಅಂತಹ ಯಾವ ಪೂಜೆಯಿಂದಲೂ ಬಂದದ್ದಲ್ಲವಾದ್ದರಿಂದ ಈ ಕಾದಂಬರಿಯ ಬಗ್ಗೆ ನನಗೆ ಆಕ್ಷೇಪವಿಲ್ಲ.

ಪ್ರಶ್ನೆ: ಏಳನೆಯ ಗಿಂಡಿಯನ್ನು ಕೊನೆಯ ಅಧ್ಯಾಯದಲ್ಲಿ ತೆರೆಸಲೇ, ಬೇಡವೇ?
– ಶಿರಸಿಯ ಅದೇ ಓದುಗರು

ಉತ್ತರ: ತೆರೆಸಿ, ಆದರೆ ಅದರಿಂದ ಗೆಲ್ಲಿಸಬೇಡಿ. ಖಾಂಡವವನದ ಹೊತ್ತಿನಲ್ಲಿ ವರುಣನಿಂದ ಗಾಂಡೀವದ ಜೊತೆಗೆ ಅರ್ಜುನನಿಗೆ ಸಿಕ್ಕ ಬತ್ತಳಿಕೆಗಳಿಗೆ ಅಕ್ಷಯವೆಂದೇ ಹೆಸರು. ಕೃಷ್ಣ ಹೋದ ಮೇಲೆ ದ್ವಾರಕೆಯ ಹೆಂಗಸರನ್ನು ಕರೆದುಕೊಂಡು ಬರುವಾಗ ಕೋಲು ಹಿಡಿದ ದರೋಡೆಕೋರರು ಮುತ್ತಿದರು. ಅಸ್ತ್ರಗಳ ಮಂತ್ರ ನೆನಪಿಗೆ ಬರಲಿಲ್ಲ, ಬತ್ತಳಿಕೆಯ ಬಾಣಗಳು ಮುಗಿದುಹೋದವು, ಅವನು ಬಿಲ್ಲಿನ ತುದಿಯಿಂದ ಹೊಡೆದಾಡಬೇಕಾಯಿತು. ಆಮೇಲೆ ಮಹಾಪ್ರಸ್ಥಾನದ ದಾರಿಯಲ್ಲಿ ಅಗ್ನಿ ಎದುರು ನಿಂತು, ಅದು ವರುಣನದು, ಹಿಂತಿರುಗಿಸು ಎಂದು ಕೇಳಿದ. ಅಲ್ಲಿಯವರೆಗೂ ಬಿಡಲು ಮನಸ್ಸಾಗದೆ ಹೊತ್ತು ತಂದಿದ್ದ ಬಿಲ್ಲನ್ನೂ ಬತ್ತಳಿಕೆಗಳನ್ನೂ ಅರ್ಜುನ ನೀರಿಗೆ ಹಾಕಿದ. ನಿಮ್ಮ ಏಳನೆಯ ಗಿಂಡಿ ಕೆರೆಗೆಂದು ಕಟ್ಟಿದ ಮುಡಿಪಾಗಿದ್ದರೆ ಅದನ್ನು ಎಲ್ಲಿ ತೆರೆಯಬೇಕು ಎಂದು ನಾನು ಬೇರೆ ಹೇಳಬೇಕಾಗಿಲ್ಲ.